ಉಡದ ಆಹಾರವೂ ಶ್ರಾವಕನ ಹೊಣೆಯೂ

ನಮ್ಮ ಊರಿನ ಬಸದಿಯ ಹಿಂಬದಿಯಲ್ಲಿ ಹಳೆಯ ಕಲ್ಲುಗೋಡೆಯೊಂದಿದೆ. ಅದರ ಸಂದುಗಳಲ್ಲಿ ಗೊರವಂಕಗಳು ಗೂಡು ಕಟ್ಟುತ್ತವೆ. ಅದೇ ಗೋಡೆಯ ಬುಡದ ಬಿಲದಲ್ಲಿ ಒಂದು ಉಡವೂ ಬಹುಕಾಲದಿಂದ ವಾಸವಾಗಿತ್ತು. ಹಲವು ವರ್ಷಗಳ ಹಿಂದೆ ಒಂದು ಬೆಳಿಗ್ಗೆ, ಅಭಿಷೇಕ ಮುಗಿದು ಹೊರಗೆ ಬಂದ ಮಕ್ಕಳ ಕಣ್ಣೆದುರಿಗೇ ಆ ಉಡ ಗೋಡೆಯನ್ನೇರಿ, ಗೂಡಿನೊಳಗೆ ಮೂತಿಯಿಟ್ಟು, ಮರಿಗಳನ್ನು ಒಂದೊಂದಾಗಿ ನುಂಗಿತು. ತಾಯಿಹಕ್ಕಿಯ ಚೀರಾಟವನ್ನು ಕೇಳಲಾಗುತ್ತಿರಲಿಲ್ಲ. ಒಂದು ಮಗು ನನ್ನ ಕೈ ಹಿಡಿದು ಕೇಳಿತು: "ಅಜ್ಜ, ಬಸದಿಯೊಳಗೇ ಹೀಗಾದರೆ ಪಾಪ ಯಾರಿಗೆ?"

ಆ ಸಂಜೆ ಆಡಳಿತ ಸಮಿತಿಯ ಸಭೆ ಸೇರಿತು. ಅಹಿಂಸೆಯ ಕ್ಷೇತ್ರದಲ್ಲಿ ಹಿಂಸ್ರಪ್ರಾಣಿಗೆ ಆಶ್ರಯ ಸಲ್ಲದೆಂದು ಹಿರಿಯರೊಬ್ಬರು ಹೇಳಿದರು, ಎಲ್ಲರೂ ಒಪ್ಪಿದೆವು. ಕೂಲಿಯವನೊಬ್ಬನಿಗೆ ಹಣ ಕೊಟ್ಟು, ಉಡವನ್ನು ಹಿಡಿದು ದೂರದಲ್ಲಿ ಬಿಟ್ಟು ಬರಲು ಹೇಳಿದೆವು. ಎಲ್ಲಿ ಬಿಟ್ಟೆ ಎಂದು ಯಾರೂ ಕೇಳಲಿಲ್ಲ. ಕೆಲವು ತಿಂಗಳ ಮೇಲೆ ತಿಳಿಯಿತು: ಅದು ಯಾವ ಕಾಡನ್ನೂ ಸೇರಿರಲಿಲ್ಲ. ಮಾಂಸಕ್ಕಾಗಿಯೂ ಕೀಲುನೋವಿಗೆ ಮದ್ದೆಂದು ನಂಬಲಾದ ಎಣ್ಣೆಗಾಗಿಯೂ ಅದೇ ದಿನ ಕೊಲ್ಲಲ್ಪಟ್ಟಿತ್ತು. ಸಭೆಯಲ್ಲಿ ಕೈಯೆತ್ತಿದವರಲ್ಲಿ ನಾನೂ ಒಬ್ಬ. ಆ ಮಗುವಿನ ಪ್ರಶ್ನೆಗೆ ಅಂದು ಉತ್ತರ ಹೇಳಲಾಗಲಿಲ್ಲ. ಈ ಲೇಖನ ಆ ಉತ್ತರದ ಪ್ರಯತ್ನ.

ಮೊದಲು ಈ ಜೀವಿಯನ್ನು ಅರಿಯೋಣ. ಅರಿಯದೆ ತೀರ್ಪು ಕೊಡುವುದೂ ಪ್ರಮಾದವೇ. ನಮ್ಮಲ್ಲಿ ಕಾಣುವ ಸಾಮಾನ್ಯ ಉಡ ಭಾರತದ ಬಹುಭಾಗದಲ್ಲಿ, ಹೊಲದ ಬದುಗಳಿಂದ ಕಾಡಿನವರೆಗೆ, ಬಾಳುತ್ತದೆ. 'ಉಡದ ಪಟ್ಟು' ಎಂಬ ಮಾತಿನಿಂದ ಅದರ ಹಿಡಿತವನ್ನು ಬಲ್ಲೆವು, ಊಟವನ್ನು ಬಲ್ಲವರು ಕಡಿಮೆ. ಅದು ಹಗಲಿನಲ್ಲಿ ಸಂಚರಿಸುತ್ತ, ಸೀಳುನಾಲಿಗೆಯನ್ನು ಮತ್ತೆ ಮತ್ತೆ ಹೊರಚಾಚಿ, ಗಾಳಿ ಮತ್ತು ನೆಲದ ವಾಸನೆಯ ಕಣಗಳನ್ನು ಬಾಯಿಯ ಮೇಲ್ಭಾಗದಲ್ಲಿರುವ ವಿಶೇಷ ಘ್ರಾಣಾಂಗಕ್ಕೆ ಮುಟ್ಟಿಸಿ ಆಹಾರವನ್ನು ಪತ್ತೆಹಚ್ಚುತ್ತದೆ. ಸಗಣಿಯನ್ನೂ ತರಗೆಲೆಯನ್ನೂ ಕೆದಕಿ ಜೀರುಂಡೆಗಳನ್ನು, ಅವುಗಳ ಮರಿಹುಳುಗಳನ್ನು ತಿನ್ನುತ್ತದೆ. ಎಣಿಕೆಯಲ್ಲಿ ಅದರ ಆಹಾರದ ಹೆಚ್ಚಿನ ಪಾಲು ಇಂಥ ಕೀಟಗಳೇ. ಬೆಳೆದ ಉಡ ಕಪ್ಪೆ, ಏಡಿ, ಇಲಿ, ಹಾವು, ಹಕ್ಕಿಯ ಮೊಟ್ಟೆ ಮತ್ತು ಮರಿ, ಸತ್ತ ಪ್ರಾಣಿಯ ಮಾಂಸ, ಎಲ್ಲವನ್ನೂ ತಿನ್ನುತ್ತದೆ. ಸಣ್ಣ ಬೇಟೆಯನ್ನು ಅಗಿಯದೆ ಇಡಿಯಾಗಿ ನುಂಗುತ್ತದೆ.

ಇಂಥ ಜೀವಿಗೆ ಪಾಪ ಉಂಟೇ? ಎರಡು ಸುಲಭದ ಉತ್ತರಗಳಿವೆ. ಅದು ಪ್ರಕೃತಿಧರ್ಮ, ಅಲ್ಲಿ ಪುಣ್ಯಪಾಪಗಳ ಮಾತೇ ಇಲ್ಲವೆಂಬುದು ಒಂದು. ಅದು ಕೊಲೆಗಡುಕ ಪ್ರಾಣಿ, ಶಿಕ್ಷೆಗೆ ಅರ್ಹವೆಂಬುದು ಇನ್ನೊಂದು. ಜೈನದೃಷ್ಟಿ ಇವೆರಡನ್ನೂ ಒಪ್ಪುವುದಿಲ್ಲ. ಶ್ವೇತಾಂಬರ ಆಗಮವಾದ ಉತ್ತರಾಧ್ಯಯನ ಸೂತ್ರದ ಕೊನೆಯ ಅಧ್ಯಯನವು ಜೀವಿಗಳನ್ನು ವಿಂಗಡಿಸುವಾಗ, ತೋಳುಗಳ ಬಲದಿಂದ ಹರಿದಾಡುವ ಪರಿಸರ್ಪಗಳಿಗೆ ಉಡವನ್ನೇ ಉದಾಹರಣೆಯಾಗಿ ಹೆಸರಿಸುತ್ತದೆ. ಅಂದರೆ ನಮ್ಮ ಪೂರ್ವಾಚಾರ್ಯರು ಅದನ್ನು ತಿರ್ಯಂಚಗತಿಯ ಪಂಚೇಂದ್ರಿಯ ಜೀವವೆಂದು ಗುರುತಿಸಿದ್ದರು. ಅದಕ್ಕೆ ಹಸಿವಿದೆ, ಭಯವಿದೆ, ಕಷಾಯಗಳಿವೆ. ಆದುದರಿಂದ ಕರ್ಮಬಂಧವೂ ಇದೆ. ಆದರೆ ವಿವೇಕಪೂರ್ವಕವಾಗಿ ಆಹಾರವನ್ನು ಆರಿಸುವ ಅವಕಾಶ ಮನುಷ್ಯನಿಗಿರುವಷ್ಟು ಅದಕ್ಕಿಲ್ಲ. ಮಹಾವೀರಸ್ವಾಮಿಯ ಜೀವವು ಪೂರ್ವಭವವೊಂದರಲ್ಲಿ ಸಿಂಹವಾಗಿದ್ದಾಗ, ಚಾರಣಮುನಿಗಳ ಉಪದೇಶದಿಂದ ಹಿಂಸೆಯನ್ನು ತೊರೆದ ಕಥೆಯನ್ನು ನಮ್ಮ ಪುರಾಣಗಳು ಹೇಳುತ್ತವೆ. ಹಿಂಸ್ರಪ್ರಾಣಿಯೊಳಗೂ ಸಮ್ಯಕ್ತ್ವಕ್ಕೆ ಅರ್ಹವಾದ ಆತ್ಮವಿದೆ ಎಂಬುದಕ್ಕೆ ಬೇರೆ ಸಾಕ್ಷಿ ಬೇಕೆ? ಆ ಸಿಂಹವನ್ನು ಮುನಿಗಳು ಬಲೆ ಹಾಕಿ ಹಿಡಿಸಲಿಲ್ಲ, ಬೋಧಿಸಿದರು.

ಫಿಲಿಪ್ಪೀನ್ಸ್ ದೇಶದ ಲೂಸಾನ್ ದ್ವೀಪದ ಕಾಡುಗಳಲ್ಲಿ ಹಣ್ಣು ತಿನ್ನುವ ಉಡಗಳಿವೆ. ಅಮೆರಿಕದ ವಿಜ್ಞಾನಿ ವಾಲ್ಟರ್ ಆಫೆನ್‌ಬರ್ಗ್ ಅವುಗಳಲ್ಲೊಂದನ್ನು ದೀರ್ಘಕಾಲ ಅಭ್ಯಸಿಸಿ 1988ರಲ್ಲಿ ಗ್ರಂಥವನ್ನೇ ಪ್ರಕಟಿಸಿದರು. ಅದೇ ದ್ವೀಪದಲ್ಲಿ ಹಣ್ಣು ತಿನ್ನುವ ಇನ್ನೊಂದು ಜಾತಿಯನ್ನು ವಿಜ್ಞಾನಿಗಳು 2010ರಲ್ಲಿ ಹೆಸರಿಸಿದರು. ಕೇದಗೆಯ ಬಳಗದ ಮರಗಳ ಹಣ್ಣುಗಳನ್ನು ಅವು ಇಷ್ಟಪಟ್ಟು ನುಂಗುತ್ತವೆ. ಇದನ್ನು ಓದಿದಾಗ ಉಡಗಳಲ್ಲಿಯೂ ಶ್ರಾವಕರಿದ್ದಾರೆಂದು ಒಂದು ಕ್ಷಣ ಹಿಗ್ಗಿದೆ. ಮುಂದೆ ಓದಿದರೆ, ಆಫೆನ್‌ಬರ್ಗರ ಆ ಉಡ ಬಸವನಹುಳುಗಳನ್ನೂ ಏಡಿಗಳನ್ನೂ ತಿನ್ನುತ್ತದೆ! ಅದು ಹಣ್ಣು ತಿನ್ನುವುದು ದೇಹರಚನೆಯಿಂದ, ಅಭ್ಯಾಸದಿಂದ, ವ್ರತದಿಂದಲ್ಲ. ಅದರ ಹಣ್ಣಿಗೆ ಪುಣ್ಯವನ್ನೂ ನಮ್ಮ ಉಡದ ಕಪ್ಪೆಗೆ ದಂಡವನ್ನೂ ವಿಧಿಸುವಂತಿಲ್ಲ.

ಇಲ್ಲಿ ನಮಗೊಂದು ಕನ್ನಡಿಯಿದೆ. ನಮ್ಮಲ್ಲಿ ಎಷ್ಟು ಜನರ ಸಸ್ಯಾಹಾರ ವ್ರತವಾಗಿದೆ, ಎಷ್ಟು ಜನರದು ಬರಿಯ ಕುಲದ ರೂಢಿಯಾಗಿದೆ? ಹುಟ್ಟಿದ ಮನೆಯಲ್ಲಿ ಮಾಂಸ ಬೇಯಲಿಲ್ಲವೆಂಬ ಕಾರಣಕ್ಕೆ ನಾವು ತಿನ್ನುತ್ತಿಲ್ಲವಾದರೆ, ಹಣ್ಣಿನ ಉಡಕ್ಕೂ ನಮಗೂ ಇರುವ ಅಂತರ ಬಹಳವಲ್ಲ. ತಿಳಿದು, ಸಂಕಲ್ಪಿಸಿ ಬಿಟ್ಟಾಗ ಮಾತ್ರ ಅದು ಅಣುವ್ರತವಾಗುತ್ತದೆ.

ಇನ್ನು ಹಿಂಸ್ರಪ್ರಾಣಿಯನ್ನು ತೊಲಗಿಸುವ ಪ್ರಶ್ನೆ. ಸುಮಾರು 10ನೆಯ ಶತಮಾನದ ಅಮೃತಚಂದ್ರಾಚಾರ್ಯರು ತಮ್ಮ ಪುರುಷಾರ್ಥಸಿದ್ಧ್ಯುಪಾಯ ಗ್ರಂಥದಲ್ಲಿ ಈ ಪ್ರಶ್ನೆಯನ್ನು ನೇರವಾಗಿಯೇ ಎತ್ತಿಕೊಂಡಿದ್ದಾರೆ. ಒಂದು ಹಿಂಸ್ರಜೀವಿಯನ್ನು ಕೊಂದರೆ ಹಲವು ಜೀವಗಳ ರಕ್ಷಣೆಯಾಗುವುದೆಂಬ ವಾದವನ್ನು ಅವರು ತಳ್ಳಿಹಾಕುತ್ತಾರೆ. ಅಷ್ಟೇ ಅಲ್ಲ, ಬದುಕಿದ್ದರೆ ಅದು ಇನ್ನೂ ಪಾಪವನ್ನು ಗಳಿಸೀತು, ಆದ್ದರಿಂದ ಕೊಲ್ಲುವುದೇ ಕರುಣೆ ಎಂಬ ವಾದವನ್ನೂ ತಳ್ಳಿಹಾಕುತ್ತಾರೆ. ನಮ್ಮ ಸಭೆ ಕೊಲ್ಲಿರೆಂದು ಹೇಳಿರಲಿಲ್ಲ, ನಿಜ. ಆದರೆ ಆ ಮೊದಲ ವಾದವನ್ನೇ ನಂಬಿ, ಅದರ ಫಲವೇನಾಯಿತೆಂದು ನೋಡುವ ಎಚ್ಚರವನ್ನೂ ಬಿಟ್ಟಿತು.

ಹಿಂಸೆ ಮೂರು ಬಾಗಿಲುಗಳಿಂದ ಒಳಬರುತ್ತದೆ: ತಾನೇ ಮಾಡುವುದು, ಮಾಡಿಸುವುದು, ಮಾಡಿದ್ದನ್ನು ಅನುಮೋದಿಸುವುದು. ಇಂಡೊನೇಷ್ಯದ ಕೊಮೊಡೊ ದ್ವೀಪದಲ್ಲಿ ಜಗತ್ತಿನ ಅತಿದೊಡ್ಡ ಉಡವಿದೆ. ಸುಮಾರು 3 ಮೀಟರಿನವರೆಗೂ ಬೆಳೆಯುವ ಅದು ಜಿಂಕೆ, ಹಂದಿ, ಎಮ್ಮೆಗಳನ್ನೂ ಬೇಟೆಯಾಡುತ್ತದೆ. ತನ್ನ ಜಾತಿಯ ಮರಿಗಳನ್ನೂ ಬಿಡದು. ಹಾಗಾಗಿ ಮರಿಗಳು ಮರಗಳ ಮೇಲೆ ಕಾಲ ಕಳೆಯುತ್ತವೆ. ಅಲ್ಲಿ ಒಂದು ಕಾಲಕ್ಕೆ ಪ್ರವಾಸಿಗರ ನೋಟಕ್ಕಾಗಿ ಮೇಕೆಗಳನ್ನು ಉಡಗಳಿಗೆ ಹಾಕುವ ಪದ್ಧತಿಯಿತ್ತು. 1994ರಲ್ಲಿ ಅದನ್ನು ನಿಲ್ಲಿಸಲಾಯಿತು. ಅಲ್ಲಿ ಉಡ ಹಸಿವಿನಿಂದ ತಿಂದಿತು. ಮೇಕೆಯನ್ನು ತಂದವನದು ಕಾರಿತ. ಸುತ್ತ ನಿಂತು ನೋಡಿ ಸಂತೋಷಪಟ್ಟವರದು ಅನುಮೋದನೆ. ಇಂದು ಮನೆಯ ಪರದೆಯ ಮೇಲೆ, ಪ್ರಾಣಿ ಪ್ರಾಣಿಯನ್ನು ಸೀಳುವ ದೃಶ್ಯವನ್ನು ಊಟದ ಹೊತ್ತಿನಲ್ಲಿ ರಂಜನೆಗಾಗಿ ನೋಡುವ ನಮ್ಮ ಮಕ್ಕಳಿಗೂ ಈ ಮೂರನೆಯ ಬಾಗಿಲನ್ನು ತೋರಿಸಬೇಕಾಗಿದೆ.

ನಮ್ಮ ದೇಶದಲ್ಲಿಯೇ ನಡೆಯುವುದನ್ನೂ ನೋಡಿ. ಹತ್ತಾಜೋಡಿ ಎಂಬ ಹೆಸರಿನಲ್ಲಿ, ಅದೃಷ್ಟ ತರುವ ಬೇರೆಂದು ಹೇಳಿ, ಪೂಜಾಸಾಮಗ್ರಿಯಾಗಿ ಒಂದು ವಸ್ತುವನ್ನು ಮಾರಲಾಗುತ್ತದೆ. ಹೀಗೆ ಮಾರಾಟವಾಗುವುದು ಉಡಗಳ ಒಣಗಿಸಿದ ಜನನಾಂಗವೆಂಬುದು 2017ರಲ್ಲಿ ಬಯಲಾಗಿ ಪತ್ರಿಕೆಗಳಲ್ಲಿ ದೊಡ್ಡ ಸುದ್ದಿಯಾಯಿತು. ಖಂಜೀರವಾದ್ಯಕ್ಕೆ ಸಾಂಪ್ರದಾಯಿಕವಾಗಿ ಉಡದ ಚರ್ಮವನ್ನೇ ಹೊದಿಸುತ್ತಿದ್ದರು. 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯ ಮೊದಲನೆಯ ಅನುಸೂಚಿಯಲ್ಲಿ ಉಡಕ್ಕೆ ಸ್ಥಾನವಿದೆ. ಅದನ್ನು ಹಿಡಿಯುವುದೂ ಅಪರಾಧ. ಅಂದರೆ ನಾವು ಧರ್ಮವನ್ನು ಮಾತ್ರವಲ್ಲ, ಕಾನೂನನ್ನೂ ಮೀರಿದ್ದೆವು. ಉಡವು ಹೊಟ್ಟೆ ತುಂಬಿದರೆ ಬಿಲ ಸೇರುತ್ತದೆ. ಅದೃಷ್ಟದ ಆಸೆಗೆ ಹೊಟ್ಟೆ ತುಂಬುವುದೆಂಬುದಿಲ್ಲ.

ಹಾಗಾದರೆ ಹಕ್ಕಿಮರಿ ಸಾಯುವುದನ್ನು ಸುಮ್ಮನೆ ನೋಡುತ್ತಿರಬೇಕೆ? ಈ ಪ್ರಶ್ನೆ ನಮ್ಮ ಪರಂಪರೆಯಲ್ಲಿ ಹಳೆಯದು, ಎಲ್ಲರ ಉತ್ತರವೂ ಒಂದೇ ಅಲ್ಲ. 18ನೆಯ ಶತಮಾನದಲ್ಲಿ ತೇರಾಪಂಥವನ್ನು ಸ್ಥಾಪಿಸಿದ ಆಚಾರ್ಯ ಭಿಕ್ಷುಗಳು, ಒಂದು ಜೀವವನ್ನು ಇನ್ನೊಂದರ ಬಾಯಿಂದ ಬಲಾತ್ಕಾರವಾಗಿ ಬಿಡಿಸುವುದು ಲೌಕಿಕ ದಯೆ, ಹೃದಯಪರಿವರ್ತನೆಯೇ ಆಧ್ಯಾತ್ಮಿಕ ದಯೆ ಎಂದು ಭೇದ ಮಾಡಿದರು. ಇತರ ಸಂಪ್ರದಾಯದವರು ಕರುಣೆಯನ್ನು ಶುಭಭಾವವೆಂದೇ ಎತ್ತಿಹಿಡಿದರು. ನನ್ನ ಅಲ್ಪಮತಿಗೆ ತೋಚುವುದಿಷ್ಟು: ಕರುಣೆಯನ್ನು ಎಂದೂ ಅಡಗಿಸಬಾರದು, ಆದರೆ ಅದರ ಕೈಯಲ್ಲಿ ಇನ್ನೊಂದು ಹಿಂಸೆಯ ಆಯುಧವನ್ನೂ ಕೊಡಬಾರದು. ಬಿದ್ದ ಮರಿಯನ್ನು ಎತ್ತಿ ಗೂಡಿಗೆ ಸೇರಿಸಬಹುದು. ಹಕ್ಕಿ ಗೂಡು ಕಟ್ಟಲು ಉಡ ಏರಲಾರದ ಜಾಗದಲ್ಲಿ ಮಡಕೆ ತೂಗುಹಾಕಬಹುದು. ಭಂಡಾರದ ಧಾನ್ಯವನ್ನು ಮುಚ್ಚಿಟ್ಟು, ಇಲಿಯನ್ನೂ ಅದರ ಹಿಂದೆ ಬರುವ ಉಡವನ್ನೂ ದೂರವಿಡಬಹುದು. ಇವುಗಳಲ್ಲಿ ಯಾರ ಪ್ರಾಣಕ್ಕೂ ಹಾನಿಯಿಲ್ಲ. ಇಷ್ಟಾದ ಮೇಲೆಯೂ ಒಂದು ಮರಿ ಉಡದ ಪಾಲಾದರೆ, ಆ ದುಃಖವನ್ನು ಹೊರಬೇಕು. ಸಂಸಾರದ ಸ್ವರೂಪವೇ ಅದು ಎಂಬ ಅರಿವು ವೈರಾಗ್ಯಕ್ಕೆ ಮೆಟ್ಟಿಲಾಗಬೇಕೇ ಹೊರತು ಕಲ್ಲೆತ್ತಲು ನೆಪವಾಗಬಾರದು.

ಆ ಮಗುವಿನ ಪ್ರಶ್ನೆಗೆ ಈಗ ಉತ್ತರ ಹೇಳಬಲ್ಲೆ. ಉಡದ ಕರ್ಮ ಉಡದ್ದು. ಅದರ ಲೆಕ್ಕ ನಮಗೆ ಬೇಡ. ಆ ಬೆಳಗಿನ ಪಾಪಕ್ಕಿಂತ ಆ ಸಂಜೆಯ ಪಾಪ ದೊಡ್ಡದು. ಅದು ಹಸಿವಿಲ್ಲದವರು, ಶಾಸ್ತ್ರ ಓದಿದವರು, ದಯೆಯ ಹೆಸರಿನಲ್ಲಿ ಮಾಡಿಸಿದ್ದು.

ಎರಡು ವರ್ಷಗಳಿಂದ ಅದೇ ಗೋಡೆಯ ಬಿಲದಲ್ಲಿ ಇನ್ನೊಂದು ಉಡ ಬಂದು ನೆಲೆಸಿದೆ. ಅದನ್ನು ಹಿಡಿಸುವ ಮಾತು ಸಮಿತಿಯಲ್ಲಿ ಮತ್ತೆ ಬಂದಾಗ ನಾನು ಎದ್ದು ಹಳೆಯ ಸಂಗತಿಯನ್ನು ಹೇಳಿದೆ. ಯಾರೂ ಮಾತಾಡಲಿಲ್ಲ. ಮರುದಿನ ತರುಣರಿಬ್ಬರು ಮಾಳಿಗೆಯ ಅಂಚಿಗೆ ಎಂಟು ಮಡಕೆಗಳನ್ನು ತೂಗುಹಾಕಿದರು. ಈ ಋತುವಿನಲ್ಲಿ ಐದರಲ್ಲಿ ಗೊರವಂಕಗಳು ಗೂಡು ಕಟ್ಟಿವೆ. ಉಡ ಬಿಸಿಲಿಗೆ ಮೈಯೊಡ್ಡಿ ಗೋಡೆಯ ಮೇಲೆ ಮಲಗಿರುತ್ತದೆ. ದರ್ಶನಕ್ಕೆ ಬಂದವರು ಅದನ್ನು ಕಂಡು ಸ್ವಲ್ಪ ಸರಿದು ನಡೆಯುತ್ತಾರೆ.