ಮಂಜುಗಡ್ಡೆಯ ಕುದುರೆಗಳು

ಸಾಕ್ಷ್ಯಚಿತ್ರ ಸುಳ್ಳು ಹೇಳಬಹುದೇ? ಕೆನಡಾದ ಗೈ ಮ್ಯಾಡಿನ್ ತಮ್ಮ ಹುಟ್ಟೂರನ್ನು ಕುರಿತು 2007ರಲ್ಲಿ ತೆಗೆದ ‘ಮೈ ವಿನ್ನಿಪೆಗ್’ ನೋಡಿದಂದಿನಿಂದ ಈ ಪ್ರಶ್ನೆ ನನ್ನನ್ನು ಬಿಟ್ಟಿಲ್ಲ. ಬೆಂಕಿಗೆ ಬೆದರಿದ ರೇಸಿನ ಕುದುರೆಗಳು ನದಿಗೆ ನುಗ್ಗಿ ಅಲ್ಲೇ ಹೆಪ್ಪುಗಟ್ಟುತ್ತವೆ. ಚಳಿಗಾಲವಿಡೀ ಮಂಜುಗಡ್ಡೆಯ ಮೇಲೆ ಚಾಚಿಕೊಂಡ ಆ ತಲೆಗಳ ನಡುವೆ ಪ್ರೇಮಿಗಳು ಅಡ್ಡಾಡುತ್ತಾರೆ. ಅದನ್ನು ನಂಬಿಬಿಟ್ಟೆ. ನಾಜಿ ವೇಷದವರು ಊರನ್ನು ಹಿಡಿದು ಮೇಯರರನ್ನೇ ಬಂಧಿಸಿದ್ದನ್ನು ಮಾತ್ರ ಕಟ್ಟುಕಥೆಯೆಂದು ನಕ್ಕೆ. ಆಮೇಲೆ ಓದಿದರೆ ಎಲ್ಲ ತಿರುಗುಮುರುಗು! ಕುದುರೆಗಳಿಗೆ ದಾಖಲೆಯಿಲ್ಲ, ಯುದ್ಧಸಾಲ ಎತ್ತಲೆಂದು 1942ರ ಫೆಬ್ರವರಿ 19ರಂದು ಆ ಅಣಕು ದಾಳಿ ನಡೆದದ್ದು ನಿಜ.

ಊರಿಗೇನು, ಅದು ಸಹಿಸಿಕೊಳ್ಳುತ್ತದೆ. ಆದರೆ ಮ್ಯಾಡಿನ್ ಬಾಲ್ಯದ ಮನೆಯನ್ನು ಮತ್ತೆ ಬಾಡಿಗೆಗೆ ಹಿಡಿದು ಹಳೆಯ ಜಗಳಗಳನ್ನು ಆಡಿಸುವಾಗ, ಅಲ್ಲಿ ಗದರುವ ‘ಅಮ್ಮ’ ನಟಿ ಆ್ಯನ್ ಸಾವೇಜ್. ಹೆತ್ತವಳ ಬಾಯಲ್ಲಿ ಹೀಗೆ ಮಾತು ತುರುಕಬಹುದೇ?

ಕೇಳಲು ನಾನ್ಯಾರು? ತೀರಿಹೋದ ನನ್ನಮ್ಮನ ಸಿಟ್ಟನ್ನು ಮಕ್ಕಳೆದುರು ಒಂದಿಷ್ಟು ಉಪ್ಪುಖಾರ ಹಚ್ಚಿಯೇ ಹೇಳುತ್ತೇನೆ, ನಗಲೆಂದು. ಮೊನ್ನೆ ಮಗಳು ಅದನ್ನೇ ಗೆಳತಿಗೆ ಹೇಳುತ್ತಿದ್ದಳು, ಅಮ್ಮ ಎಂದೂ ಆಡದ, ನಾನೇ ಸೇರಿಸಿದ ಮಾತನ್ನೂ ಬಿಡದೆ. ತಿದ್ದಬೇಕೆಂದು ಬಾಗಿಲವರೆಗೆ ಹೋದೆ. ಇಬ್ಬರೂ ನಗುತ್ತಿದ್ದರು. ಹಿಂದಕ್ಕೆ ಬಂದೆ.