ನೀರ್ ಸಾಬರು ಯಾರವರು?

ಉರ್ದು, ಕನ್ನಡ ಎರಡನ್ನೂ ಓದಿಕೊಂಡವರೆಂಬ ಕಾರಣಕ್ಕೆ ನಮ್ಮ ಮನೆಗೆ ಕತೆಯ ಮಾತಾಡಲು ಬರುವವರಿಗಿಂತ ಅರ್ಜಿ ಬರೆಸಲು ಬರುವವರೇ ಹೆಚ್ಚು. ಖಬರಸ್ತಾನದ ಕಾಂಪೌಂಡು, ವಿಧವಾ ವೇತನ, ಮಗನ ವರ್ಗಾವಣೆ. ವಿಷಯ ಯಾವುದೇ ಇರಲಿ, ಮೊದಲ ಸಾಲು ಒಂದೇ: 'ಮಾನ್ಯ ಸಚಿವರ ಸನ್ನಿಧಿಗೆ'. ಇತ್ತೀಚೆಗೆ ಪಕ್ಕದ ಹಳ್ಳಿಯ ಚಾಚಾ ಒಬ್ಬರು ಬಂದಿದ್ದರು. ಅವರ ಮಗಳು ವಾಸವಾಗಿರುವ ಕೊನೆಯ ಗಲ್ಲಿಗೆ ನಲ್ಲಿ ನೀರು ಬರುತ್ತಿಲ್ಲ, ಮಂತ್ರಿಗಳಿಗೆ ಬರೆಯಬೇಕು. ನೀರಿನ ಮಾತಿನಿಂದ ಸಹಜವಾಗಿ ಅಬ್ದುಲ್ ನಜೀರ್ ಸಾಬರ ಹೆಸರು ಬಂತು. "ಆದ್ಮಿ ಅಚ್ಛೇ ಥೇ ಬಾವಾ" ಎಂದು ಒಪ್ಪಿಕೊಂಡ ಚಾಚಾ, ಸ್ವಲ್ಪ ತಡೆದು, "ಆದ್ರೆ ನಮ್ಮವರಿಗೆ ಅಂತ ಏನು ಮಾಡಿದ್ರು ಹೇಳು?" ಎಂದರು.

ಈ ಪ್ರಶ್ನೆ ನಮಗೆ ಹೊಸದಲ್ಲ. ಮದುವೆ ಮನೆಗಳಲ್ಲಿ, ಮಸೀದಿಯ ಜಗಲಿಯಲ್ಲಿ ಎಷ್ಟೋ ಸಲ ಕೇಳಿದ್ದೇವೆ. ಉತ್ತರ ಕೊಡದೆ ಎದ್ದು ಬಂದದ್ದೂ ಇದೆ.

ಗುಂಡ್ಲುಪೇಟೆಯ ನಜೀರ್ ಸಾಬರು ರಾಮಕೃಷ್ಣ ಹೆಗಡೆಯವರ ಜನತಾ ಸರಕಾರದಲ್ಲಿ ಗ್ರಾಮೀಣಾಭಿವೃದ್ಧಿ ಮತ್ತು ಪಂಚಾಯತ್ ರಾಜ್ ಸಚಿವರಾಗಿದ್ದವರು. 1980ರ ದಶಕದ ಬರಗಾಲದಲ್ಲಿ ಹಳ್ಳಿಹಳ್ಳಿಗೆ ಕೊಳವೆಬಾವಿ ತೋಡಿಸಿದರು. ಜನ ಅವರನ್ನು 'ನೀರ್ ಸಾಬ್' ಎಂದು ಕರೆದರು. ನಮ್ಮ ದಾದಿಮಾ ಬಿಂದಿಗೆ ಎತ್ತಿಕೊಂಡು ಹೊರಡುವಾಗ 'ಬೋರಿಂಗಿಗೆ ಹೋಗ್ತೀನಿ' ಎನ್ನುತ್ತಿರಲಿಲ್ಲ, 'ನೀರ್ ಸಾಬ್ ಹತ್ರ ಹೋಗಿ ಬರ್ತೀನಿ' ಎನ್ನುತ್ತಿದ್ದಳು. ಆ ಹೆಸರಿನ ಮನುಷ್ಯನೊಬ್ಬ ಬೆಂಗಳೂರಿನಲ್ಲಿ ಇದ್ದಾನೆಂಬುದು ನಮಗೆ ಗೊತ್ತಾದದ್ದು ಬಹಳ ತಡವಾಗಿ. ಕಬ್ಬಿಣದ ಹಿಡಿಯ ಆ ಕೈಪಂಪಿಗೇ ನೀರ್ ಸಾಬ್ ಎಂದು ಹೆಸರೆಂದು ನಾವು ತಿಳಿದಿದ್ದೆವು.

ಸೇದುವ ಬಾವಿಗೆ ಒಡೆಯನಿರುತ್ತಾನೆ. ಯಾರ ಹಗ್ಗ ಇಳಿಯಬೇಕು, ಯಾರು ದೂರ ನಿಂತು ಬೊಗಸೆಯೊಡ್ಡಬೇಕು ಎಂಬುದಕ್ಕೆಲ್ಲ ಅಲ್ಲಿ ಕಟ್ಟಳೆಗಳಿದ್ದವು. ಬೀದಿಯ ಬೋರಿಂಗಿಗೆ ಒಡೆಯನಿರಲಿಲ್ಲ, ಹಿಡಿ ಒತ್ತಿದವರಿಗೆ ನೀರು. ಹಾಗೆಂದು ಜಾತಿ ಅಲ್ಲಿಗೇ ಮುಗಿಯಿತೆಂದು ನಾವು ಸುಳ್ಳು ಹೇಳಲಾರೆವು. ಬೋರಿಂಗಿನ ಬಳಿಯೂ ಬಿಂದಿಗೆಗಳ ಸಾಲು ಎರಡಾದ ಊರುಗಳಿವೆ. ಆದರೆ ಯಂತ್ರ ಮಾತ್ರ ಯಾರನ್ನೂ 'ನೀನು ಯಾರವನು' ಎಂದು ಕೇಳುತ್ತಿರಲಿಲ್ಲ.

ನೀರು ಕೊಟ್ಟದ್ದನ್ನು ಎಲ್ಲರೂ ನೆನೆಯುತ್ತಾರೆ. ನಮಗೆ ಅದಕ್ಕಿಂತ ದೊಡ್ಡದಾಗಿ ಕಾಣುವುದು ಅವರು ಬಿಟ್ಟುಕೊಟ್ಟದ್ದು. 1978ರ ಅಶೋಕ್ ಮೆಹ್ತಾ ಸಮಿತಿಯ ಮಂಡಲ ಪಂಚಾಯಿತಿಯ ಕಲ್ಪನೆಯನ್ನು ಕೈಗೆತ್ತಿಕೊಂಡು, 1983ರಲ್ಲಿ ಜಿಲ್ಲಾ ಪರಿಷತ್ತು ಹಾಗೂ ಮಂಡಲ ಪಂಚಾಯಿತಿಗಳ ಶಾಸನವನ್ನು ತಂದರು. ರಾಷ್ಟ್ರಪತಿಗಳ ಒಪ್ಪಿಗೆ ಸಿಕ್ಕದ್ದು 1985ರಲ್ಲಿ, ಚುನಾವಣೆ ನಡೆದದ್ದು 1987ರಲ್ಲಿ. ಹೆಂಗಸರಿಗೆ ನೂರಕ್ಕೆ 25 ಸ್ಥಾನ ಮೀಸಲಾಯಿತು. ಸಂವಿಧಾನದ 73ನೇ ತಿದ್ದುಪಡಿ ಬಂದದ್ದು 1992ರಲ್ಲಿ ಎಂಬುದನ್ನು ಓದುಗರು ನೆನಪಿಡಬೇಕು. ಜಿಲ್ಲಾ ಪರಿಷತ್ತಿನ ಅಧ್ಯಕ್ಷರಿಗೆ ರಾಜ್ಯ ಸಚಿವರ ಸ್ಥಾನಮಾನ. ಅವರ ಕೈಕೆಳಗೆ ಮುಖ್ಯ ಕಾರ್ಯದರ್ಶಿಯಾಗಿ ಜಿಲ್ಲಾಧಿಕಾರಿಗಿಂತ ಹಿರಿಯ ಅಧಿಕಾರಿ. ಶಾಲೆ, ಆಸ್ಪತ್ರೆ, ರಸ್ತೆ, ನೀರಿನ ಕೆಲಸಗಳೆಲ್ಲ ವಿಧಾನಸೌಧದ ಮೆಟ್ಟಿಲಿಳಿದು ಜಿಲ್ಲೆಗೆ ಬಂದವು. ಶಾಸಕರಿಗೆ ಇದು ಹಿಡಿಸಲಿಲ್ಲ. ಹಿಡಿಸುವುದಾದರೂ ಹೇಗೆ? ವರ್ಗಾವಣೆ ಮತ್ತು ಗುತ್ತಿಗೆ ಕೈತಪ್ಪಿದರೆ ಶಾಸಕನ ಮನೆಯ ಮುಂದೆ ಬೆಳಗ್ಗೆ ಯಾರು ನಿಲ್ಲುತ್ತಾರೆ?

ಇಲ್ಲಿ ನಮ್ಮನ್ನು ಕಾಡುವ ಪ್ರಶ್ನೆಯಿದೆ. ಕೊಡುವವನು ಒಳ್ಳೆಯವನೇ, ಸರಿ. ಆದರೆ ಕೊಟ್ಟವನ ಕೈ ಯಾವಾಗಲೂ ಮೇಲೆಯೇ ಇದ್ದರೆ, ಪಡೆದವನು ಮನುಷ್ಯನಾಗಿ ಉಳಿಯುವುದು ಹೇಗೆ? ನಾವು ಬರೆಯುವ ಪ್ರತಿ ಅರ್ಜಿಯಲ್ಲೂ 'ಕೃಪೆ ಮಾಡಬೇಕೆಂದು ಪ್ರಾರ್ಥನೆ' ಎಂಬ ಸಾಲು ಇದ್ದೇ ಇರುತ್ತದೆ. ಹಕ್ಕಿನಿಂದ ಬರಬೇಕಾದುದನ್ನು ಭಿಕ್ಷೆಯಾಗಿ ಕೇಳುವ ಭಾಷೆ ನಮಗೆ ಬಾಯಿಪಾಠವಾಗಿದೆ, ಕನ್ನಡದಲ್ಲೂ ಉರ್ದುವಿನಲ್ಲೂ. ನಜೀರ್ ಸಾಬರ ಶಾಸನ ಆ ಸಾಲನ್ನೇ ಅಳಿಸಲು ಹೊರಟಿತ್ತು. ತನ್ನ ಬಾಗಿಲಿಗೆ ಜನ ಬರಬೇಕಾಗದಂತೆ ಮಾಡುವ ಮಂತ್ರಿಯನ್ನು 'ನಮ್ಮವರಿಗೆ ಏನು ಮಾಡಿದ' ಎಂಬ ತಕ್ಕಡಿಯಲ್ಲಿ ತೂಗುವುದು ಕಷ್ಟ.

ಹಾಗಿದ್ದರೂ ಚಾಚಾರ ಮಾತನ್ನು ಸಣ್ಣತನವೆಂದು ತಳ್ಳಿಹಾಕಲು ನಮಗೆ ಮನಸ್ಸು ಬರುವುದಿಲ್ಲ. ಬೇರೆ ಸಮುದಾಯಗಳ ಮಂತ್ರಿಗಳು ತಮ್ಮವರ ಹಾಸ್ಟೆಲು, ಕಾಲೇಜುಗಳಿಗೆ ಜಾಗ ಕೊಡಿಸಿದರೆ ಅದು ಜನಸೇವೆ. ಮುಸ್ಲಿಮ್ ಮಂತ್ರಿ ಮಾತ್ರ ಎಲ್ಲರವನಾಗಿರಬೇಕು, ಆಗ ಮಾತ್ರ ಅವನು ಒಳ್ಳೆಯವನು. ಈ ಅಳತೆ ನ್ಯಾಯದ್ದಲ್ಲ. 'ಅವರು ಮುಸ್ಲಿಮರಾದರೂ ಎಷ್ಟು ಒಳ್ಳೆಯವರು' ಎಂದು ನಜೀರ್ ಸಾಬರನ್ನು ಹೊಗಳಿದವರನ್ನು ನಾವು ಕಂಡಿದ್ದೇವೆ. ಆ 'ಆದರೂ' ಎಂಬ ಪದ ಗಂಟಲಲ್ಲಿ ಮುಳ್ಳಾಗಿ ಉಳಿಯುತ್ತದೆ. ಅವರ ಹೆಸರು ಹಿಡಿದು ನಮ್ಮ ಮಿಕ್ಕವರ ಬಾಯಿ ಮುಚ್ಚಿಸುವವರಿಗೆ ಅವರ ಕೆಲಸ ಅರ್ಥವಾಗಿಲ್ಲ.

ಇನ್ನೊಂದು ಸಂಶಯವೂ ಉಂಟು. ಹಳ್ಳಿಯನ್ನು ಅಂಬೇಡ್ಕರರು ಸಂಕುಚಿತತೆಯ ಗೂಡೆಂದು ಸಂವಿಧಾನ ಸಭೆಯಲ್ಲೇ ಎಚ್ಚರಿಸಿದ್ದರು. ಅಂಥ ಹಳ್ಳಿಗೆ ಅಧಿಕಾರ ಕೊಟ್ಟರೆ ಅದು ಹೋಗಿ ಸೇರುವುದು ಗೌಡನ ಮನೆಗಲ್ಲವೇ? ಎಷ್ಟೋ ಕಡೆ ಹಾಗೆಯೇ ಆಯಿತು. ಹೆಂಡತಿಯ ಹೆಸರಲ್ಲಿ ಗಂಡಂದಿರು ಆಳಿದರು. ಆದರೆ ಮೊದಲ ಸಲ ಸಭೆಯಲ್ಲಿ ಕುರ್ಚಿಯ ತುದಿಯಲ್ಲಿ ಕುಳಿತ ಹೆಂಗಸು ಎರಡನೆಯ ಸಲ ಬೆನ್ನೊರಗಿಸಿ ಕುಳಿತದ್ದೂ ಇದೇ ನಾಡಿನಲ್ಲಿ. ಸರಿಯಾಗಿ ಬಳಸುವವರೆಗೆ ಕೊಡುವುದಿಲ್ಲ ಎಂದರೆ ಯಾರಿಗೂ ಎಂದೂ ಏನನ್ನೂ ಕೊಡಬೇಕಾಗುವುದಿಲ್ಲ.

1988ರಲ್ಲಿ ಅವರು ಕ್ಯಾನ್ಸರಿನಿಂದ ತೀರಿಕೊಂಡರು. ಮಂಡಲ ಪಂಚಾಯಿತಿಗಳೂ ಹೆಚ್ಚು ಕಾಲ ಉಳಿಯಲಿಲ್ಲ. 1993ರಲ್ಲಿ ಬೇರೆ ಕಾನೂನು ಬಂತು. ಜಿಲ್ಲಾ, ತಾಲ್ಲೂಕು ಪಂಚಾಯಿತಿಗಳ ಅವಧಿ 2021ರಲ್ಲಿ ಮುಗಿದ ಮೇಲೆ ವರ್ಷಗಟ್ಟಲೆ ಚುನಾವಣೆಯಿಲ್ಲದೆ ಆಡಳಿತಾಧಿಕಾರಿಗಳೇ ನಡೆಸಿದರು. ಮೈಸೂರಿನಲ್ಲಿ ಪಂಚಾಯಿತಿ ಸದಸ್ಯರಿಗೆ ತರಬೇತಿ ಕೊಡುವ ಸಂಸ್ಥೆಗೆ ಅವರ ಹೆಸರಿದೆ. ನಮ್ಮ ಬಯಲುಸೀಮೆಯಲ್ಲಿ ಅಂತರ್ಜಲ ಪಾತಾಳಕ್ಕಿಳಿದಿದೆ; ದಾದಿಮಾಳ ನೀರ್ ಸಾಬ್ ಹಿಡಿ ಕಳಚಿಕೊಂಡು ಬೀದಿಯ ಮೂಲೆಯಲ್ಲಿ ನಿಂತಿದ್ದಾನೆ. ಅವನಿಗೆ ಈಗ ಯಾರೋ ಎಮ್ಮೆ ಕಟ್ಟುತ್ತಾರೆ.

ಚಾಚಾರನ್ನು ಕೇಳಿದೆವು: "ಅರ್ಜಿ ಮಂತ್ರಿಗೇಕೆ? ನಿಮ್ಮ ಗ್ರಾಮ ಪಂಚಾಯಿತಿಗೇ ಬರೆಯೋಣವೇ? ನೀರು ಬಿಡಿಸುವುದು ಅವರ ಕೆಲಸ."

ಚಾಚಾ ನಕ್ಕುಬಿಟ್ಟರು. "ಅಧ್ಯಕ್ಷಳನ್ನು ದಿನಾ ಬೀದೀಲಿ ನೋಡ್ತೀನಿ. ಅವಳಿಗೇನು ಅರ್ಜಿ ಬಾವಾ, ನಿಲ್ಲಿಸಿ ಕೇಳಿದ್ರಾಯ್ತು."

"ಕೇಳಿದ್ದೀರಾ?"

ಅವರು ಸ್ವಲ್ಪ ಹೊತ್ತು ಸುಮ್ಮನಿದ್ದರು. ಇಲ್ಲ ಎಂದರು. ನಾವು ಪಂಚಾಯಿತಿಗೇ ಬರೆದುಕೊಟ್ಟೆವು, ಪ್ರಾರ್ಥನೆಯ ಸಾಲನ್ನು ಬಿಟ್ಟು. ಮಡಚಿ ಜೇಬಿಗಿಟ್ಟುಕೊಂಡ ಚಾಚಾ ಬಾಗಿಲವರೆಗೆ ಹೋಗಿ ಹಿಂತಿರುಗಿದರು. ಇದರದೇ ಇನ್ನೊಂದು ಪ್ರತಿ ಮಂತ್ರಿಗಳ ಹೆಸರಿಗೂ ಇರಲಿ ಎಂದರು.