ಪೀಠವು ಹೆಚ್ಚೋ, ತೀರ್ಪು ಹೆಚ್ಚೋ?

ದೇಶದ ಶ್ರೇಷ್ಠ ನ್ಯಾಯಾಧಿಪತಿಯ ಪದವಿಯು ಎಂಥದು? ರಾಷ್ಟ್ರಪತಿಗಳು ಅವರನ್ನು ನೇಮಿಸುತ್ತಾರೆ. 65 ವರುಷ ತುಂಬುವ ತನಕ ಅವರು ಪೀಠದಲ್ಲಿರುವರು. ಯಾವ ವ್ಯಾಜ್ಯವನ್ನು ಯಾರು ವಿಚಾರಿಸತಕ್ಕದ್ದೆಂದು ಗೊತ್ತುಮಾಡುವ ಅಧಿಕಾರವು ಅವರದೇ. ಆದರೆ ತೀರ್ಪು ಹೇಳುವಾಗ ಅವರ ಅಭಿಪ್ರಾಯವೂ ಒಂದೇ, ಪಕ್ಕದಲ್ಲಿ ಕೂತ ಕಿರಿಯರ ಅಭಿಪ್ರಾಯವೂ ಒಂದೇ. ಹೀಗಿರಲಾಗಿ ಆ ಪೀಠದ ಆಶೆಗಾಗಿ ಒಬ್ಬನು ತನ್ನ ತೀರ್ಪನ್ನು ಬದಲಿಸಬಹುದೋ?

1975ರ ಜೂನ್ ತಿಂಗಳಲ್ಲಿ ನಮ್ಮ ದೇಶದಲ್ಲಿ ತುರ್ತುಪರಿಸ್ಥಿತಿಯು ಸಾರಲ್ಪಟ್ಟಿತು. ಅನೇಕರು ವಿಚಾರಣೆಯಿಲ್ಲದೆ ಸೆರೆಮನೆಗೆ ಹಾಕಲ್ಪಟ್ಟರು. ತಮ್ಮ ಸೆರೆಯು ನ್ಯಾಯವೋ ಅನ್ಯಾಯವೋ ನೋಡಿರೆಂಬ ಅವರ ಮೊರೆಯನ್ನು ಹಲವು ಹೈಕೋರ್ಟುಗಳು ಕೇಳಲು ಒಪ್ಪಿದವು. ಸರಕಾರವು ಸುಪ್ರೀಂ ಕೋರ್ಟಿಗೆ ಹೋಯಿತು. 1976ರ ಎಪ್ರಿಲ್ 28ರಂದು ಐವರಲ್ಲಿ ನಾಲ್ವರು, ಅಂಥ ಮೊರೆಯನ್ನು ಕೇಳಲಾಗದೆಂದರು. ಕಾನೂನಿನ ಆಧಾರವಿಲ್ಲದೆ ಯಾರ ಪ್ರಾಣವನ್ನಾಗಲಿ ಸ್ವಾತಂತ್ರ್ಯವನ್ನಾಗಲಿ ಸರಕಾರವು ತೆಗೆಯಕೂಡದೆಂದು ಹಂಸರಾಜ ಖನ್ನಾ ಒಬ್ಬರೇ ಹೇಳಿದರು.

ಇದರ ಬೆಲೆಯನ್ನು ಅವರು ಬಲ್ಲರು. ಹಿರಿಯರಾದವರಿಗೇ ಶ್ರೇಷ್ಠ ಪೀಠವು ಸಲ್ಲುವ ವಾಡಿಕೆಯಿದ್ದರೂ, 1973ರಲ್ಲಿ ಕಾರ್ಕಳ ಸೀಮೆಯ ಕೆ. ಎಸ್. ಹೆಗ್ಡೆಯವರನ್ನೂ ಇನ್ನಿಬ್ಬರನ್ನೂ ದಾಟಿ ಕಿರಿಯರೊಬ್ಬರು ನೇಮಿಸಲ್ಪಟ್ಟಿದ್ದರು. ಖನ್ನಾರವರಿಗೂ ಹಾಗೆಯೇ ಆಯಿತು. 1977ರ ಜನವರಿಯಲ್ಲಿ ಅವರಿಗಿಂತ ಕಿರಿಯರಾದ ಎಂ. ಎಚ್. ಬೇಗ್ ಆ ಸ್ಥಾನಕ್ಕೆ ಬರಲು, ಅವರು ರಾಜೀನಾಮೆ ಕೊಟ್ಟರು.

ಕೆಲವರು ಹೇಳುವರು: ಅವರ ಮಾತಿನಿಂದ ಆ ದಿನ ಒಬ್ಬ ಸೆರೆಯವನಿಗೂ ಬಾಗಿಲು ತೆರೆಯಲಿಲ್ಲ, ಸುಮ್ಮನಿದ್ದು ಪೀಠವೇರಿದ್ದರೆ ಮುಂದೆ ಎಷ್ಟೋ ಮಂದಿಗೆ ನ್ಯಾಯ ದೊರಕಿಸಬಹುದಾಗಿತ್ತಲ್ಲವೋ? ಈ ಮಾತು ಬುದ್ಧಿಯುಳ್ಳದ್ದಾಗಿ ತೋರುತ್ತದೆ. ಆದರೂ ಯೋಚಿಸಿರಿ. ಇಂದು ಎದುರಿಗೆ ನಿಂತವನ ನ್ಯಾಯವನ್ನು ಒತ್ತೆಯಿಟ್ಟು ನಾಳೆ ಬರುವವನಿಗೆ ನ್ಯಾಯ ಕೊಡುವೆನೆಂಬದು, ಪರರ ಸೊತ್ತನ್ನು ಅಡವಿಟ್ಟು ದಾನಮಾಡಿದಂತೆಯೇ. ಇದಲ್ಲದೆ, ಆಶೆಗೆ ಒಂದು ಸಾರಿ ವಾಲಿದ ತಕ್ಕಡಿಯನ್ನು ಮುಂದೆ ನಂಬುವವರು ಯಾರು?

ಆ ಮಾತು ವ್ಯರ್ಥವಾಗಲಿಲ್ಲ. 1978ರ ಸಂವಿಧಾನ ತಿದ್ದುಪಡಿಯು, ಪ್ರಾಣ ಸ್ವಾತಂತ್ರ್ಯಗಳ ರಕ್ಷಣೆಯನ್ನು ತುರ್ತುಪರಿಸ್ಥಿತಿಯಲ್ಲಿಯೂ ತಡೆಯಕೂಡದೆಂದು ವಿಧಿಸಿತು. 2017ರಲ್ಲಿ ಒಂಭತ್ತು ನ್ಯಾಯಾಧಿಪತಿಗಳ ಪೀಠವು ಆ ನಾಲ್ವರ ತೀರ್ಪನ್ನು ತಳ್ಳಿಹಾಕಿತು. ಖನ್ನಾರವರು ಅದನ್ನು ಕಾಣಲಿಲ್ಲ, 2008ರಲ್ಲಿಯೇ ತೀರಿಹೋಗಿದ್ದರು. ಫಲವನ್ನು ಕಾಣದೆಯೇ ಅವರು ಸರಿಯಾದದ್ದನ್ನು ಹೇಳಿದ್ದರು.

ನಮ್ಮ ಹಳ್ಳಿಯಲ್ಲಿ ಸುಪ್ರೀಂ ಕೋರ್ಟಿಲ್ಲ, ಪಂಚಾಯಿತಿಯ ಕಟ್ಟೆಯುಂಟು. ಬದುವಿನ ಜಗಳದಲ್ಲಿ ಸಾಲ ಕೊಟ್ಟ ಧಣಿಯ ಮುಖ ನೋಡಿ ಸಾಕ್ಷಿ ನುಡಿಯುವವನು, ನಾಳೆ ಬಡವನಿಗೆ ಸಹಾಯ ಮಾಡುವೆನೆಂದು ತನ್ನನ್ನು ಸಮಾಧಾನಪಡಿಸಿಕೊಳ್ಳುತ್ತಾನೆ. ಆದರೆ ಆ ಬಡವನು ಕಟ್ಟೆಯ ಮುಂದೆ ಇಂದೇ ನಿಂತಿದ್ದಾನೆ. ನಾವು ಅವನ ನ್ಯಾಯವನ್ನು ಇಂದೇ ನುಡಿಯೋಣ.